ಹೆಪ್ಸಿಬಾಳ ಹಗ್ಗ ಕಡಿಸಿದವರಿಗೆ

ಮಾನ್ಯ ಸಂಸತ್ ಸದಸ್ಯರೇ,

ಕಳೆದ ಸೋಮವಾರ ನಮ್ಮ ಟೆಂಟರ್ ಓಣಿಯಲ್ಲಿ ಓಟು ಕೇಳಲು ಬಂದ ನಿಮ್ಮ ಮೋಟಾರು ಹಾಯಲೆಂದು ವಿಧವೆ ಹೆಪ್ಸಿಬಾ ಕ್ಲೆಗ್ ಎಂಬವಳ ಬಟ್ಟೆ ಒಣಗಿಸುವ ಹಗ್ಗವನ್ನೇ ಕಡಿಸಿದಿರಿ. ಅವಳು ಊರವರ ಬಟ್ಟೆ ಒಗೆದು ಬದುಕುವವಳು. ಡಾಕ್ಟರ ಮನೆಯ ಬಿಳಿ ಮೇಲುಹಾಸುಗಳೆಲ್ಲ ಕೆಸರಿಗೆ ಬಿದ್ದವು. "ಇನ್ನು ನಮ್ಮನೆ ಬಟ್ಟೆ ಮುಟ್ಟಬೇಡಮ್ಮಾ" ಎಂದು ಸಂಜೆಗೇ ಡಾಕ್ಟರ ಹೆಂಡತಿ ಹೇಳಿಕಳಿಸಿದಳು. ನೀವು ಅಡಿಗಲ್ಲು ಹಾಕುವುದರಲ್ಲಿ ನಿಸ್ಸೀಮರೆಂದು ಗೊತ್ತಿತ್ತು. ಹೊಟ್ಟೆಯ ಮೇಲೂ ಕಲ್ಲು ಹಾಕುತ್ತೀರೆಂದು ಗೊತ್ತಿರಲಿಲ್ಲ.

ಸೋಮವಾರ ಇಲ್ಲಿ ಬಟ್ಟೆ ಒಗೆಯುವ ದಿನ, ಓಣಿಗೆ ಅಡ್ಡಲಾಗಿ ಮನೆಯಿಂದ ಮನೆಗೆ ಹಗ್ಗ. ಕಲ್ಲಿದ್ದಲ ಗಾಡಿ ಬರುವುದಿಲ್ಲ; ಹೆಣದ ಗಾಡಿ ಕೂಡ ಮಂಗಳವಾರಕ್ಕೆ ಕಾಯುತ್ತದೆ. ನಿಮಗಿದು ತಿಳಿಯದೇ? ಇದೇ ಓಣಿಯ ತುದಿಯಲ್ಲಿ ಸಾಬೂನು ಮಾರುತ್ತಿದ್ದವರು ನೀವೇ ಅಲ್ಲವೇ? ನಗರಸಭೆಗೆ ಮೊದಲ ಸಲ ನಿಂತಾಗಲೂ ಸೋಮವಾರವೇ ಬಂದಿರಿ. ಟೋಪಿ ತೆಗೆದು ಒದ್ದೆ ಲಂಗಗಳ ಕೆಳಗೆ ಬಗ್ಗಿ ಬಗ್ಗಿ ನಡೆದಿರಿ.

"ಹೆಪ್ಸಿಬಾ ಅಕ್ಕ, ಬುಟ್ಟಿ ಕೊಡಿ, ನಾನು ಹೊರ್ತೀನಿ. ಗೆದ್ರೆ ನಿಮಗೆಲ್ಲ ಬಿಸಿನೀರಿನ ಒಗೆಯೋ ಮನೆ ಕಟ್ಟಿಸ್ತೀನಿ."

"ಕಟ್ಟಿಸಪ್ಪ. ಬಿಸಿ ಹಬೆ ಆಗ್ಲೇ ನಿನ್ನ ಬಾಯಿಂದ ಬರ್ತಾ ಇದೆ!"

ಗೆದ್ದಿರಿ. ಮೇಯರ್ ಆದಿರಿ. ಒಗೆಯುವ ಮನೆಗೆ ಅಡಿಗಲ್ಲು ಹಾಕಿದ ಬೆಳ್ಳಿಯ ಕರಣೆ ನಿಮ್ಮ ಮನೆ ಸೇರಿತು, ಕಲ್ಲಿನ ಮೇಲೆ ನಿಮ್ಮ ಹೆಸರು ಸೇರಿತು, ಗೋಡೆ ಮಾತ್ರ ಇನ್ನೂ ದಾರಿಯಲ್ಲಿದೆ. ಆ ಕಲ್ಲಿಗೆ ಕೋಟು ತೊಡಿಸಿ, ಟೋಪಿ ಇಟ್ಟು, "ಮೇಯರ್ ಸಾಹೇಬರು ಕೆಲಸದಲ್ಲಿದ್ದಾರೆ" ಎಂದು ಹಲಗೆ ತೂಗುಹಾಕಿದವನು ನಾನೇ. ವಾರವಾದರೂ ಯಾರಿಗೂ ವ್ಯತ್ಯಾಸ ತಿಳಿಯಲಿಲ್ಲ.

ಆಮೇಲೆ ಸಂಸತ್ತು, ಮೋಟಾರು. ಮೊನ್ನೆ ಹೆಪ್ಸಿಬಾ ಕೇಳಿದ್ದಾದರೂ ಏನು? "ಒಂದ್ನಿಮಿಷ ತಾಳಿ ಸ್ವಾಮಿ, ಹಗ್ಗ ಎತ್ತಿ ಹಿಡೀತೀನಿ." ನೀವು ಚಾಲಕನಿಗೆ ಹೇಳಿದ್ದು ಪಕ್ಕದಲ್ಲೇ ನಿಂತಿದ್ದ ನನ್ನ ಕಿವಿಗೆ ಬಿತ್ತು: "ಕಡಿಯೋ ಅದನ್ನ. ಇದು ಸಂಸತ್ತಿನ ಚುನಾವಣೆ. ಅವಳಿಗೆಲ್ಲಿದೆ ಓಟು?"

ಸರಿಯೇ. ಮನೆತೆರಿಗೆ ಕಟ್ಟುವ ವಿಧವೆಗೆ ನಗರಸಭೆಯ ಓಟುಂಟು, ಸಂಸತ್ತಿನದು ಗಂಡಸರಿಗೆ ಮಾತ್ರ. ಅಂದು ಅಕ್ಕ, ಇಂದು ಅಡ್ಡಿ!

ಬರುವ ಸೋಮವಾರ ನಡೆದುಕೊಂಡು ಬನ್ನಿ. ಅವಳ ಬುಟ್ಟಿ ಹೊತ್ತು ಡಾಕ್ಟರ ಬಾಗಿಲಲ್ಲಿ ನಿಂತು, "ಹಗ್ಗ ಕಡಿಸಿದ್ದು ನಾನು, ತಪ್ಪು ಇವಳದಲ್ಲ" ಎನ್ನಿ. ಇಲ್ಲವೇ ಕೇಳಿ: ನಿನ್ನೆ ನಲ್ಲಿಯ ಹತ್ತಿರ ಓಣಿಯ ಹೆಂಗಸರೆಲ್ಲ ಸೇರಿದ್ದರು. "ಅವನಿಗೆ ಓಟು ಹಾಕ್ದೋನು ತನ್ನ ಅಂಗಿ ತಾನೇ ಒಗ್ಕೊಳ್ಲಿ" ಎಂದು ತೀರ್ಮಾನವಾಗಿದೆ. ನಮ್ಮ ಗಂಡಸರನ್ನು ನಾನು ಬಲ್ಲೆ, ಮಾನ್ಯರೇ. ಒಬ್ಬನಿಗೂ ಒಗೆಯಲು ಬರುವುದಿಲ್ಲ.

ಇಂತಿ,
ಒಂದೇ ಓಟು, ಒಂದೇ ಅಂಗಿ ಇರುವ ಮುದುಕ,
ಜೆಥ್ರೋ ಸಟ್‌ಕ್ಲಿಫ್