ಹಾರ ಬೀಳದ ಫೋಟೋ

ಖಾನಾಪುರ
೧೯ ಫೆಬ್ರುವರಿ ೧೯೮೭

ನಮ್ಮ ಮನೆಯ ಯಜಮಾನರೂ ಆಯಿಯ ಏಕೈಕ ಗಂಡನೂ ಆದ ವಡಗಾವಿಯ ಅಜ್ಜನವರ ಪಾದಗಳಿಗೆ ಮೊಮ್ಮಗಳು ಚಂದ್ರವ್ವ ತಲೆ ಬಗ್ಗಿಸಿ ಒಪ್ಪಿಸುವ ವರದಿ. (ಅವ್ವಾ, ನೀನೇ ಓದಿ ಹೇಳು. ಅಜ್ಜನ ಚಷ್ಮಾ ಇನ್ನೂ ಸಿಕ್ಕಿರಲಿಕ್ಕಿಲ್ಲ.)

ಮೊದಲು ಮುಖ್ಯ ಸಂಗತಿ: ನಿಮ್ಮ ಹೆಂಡತಿ ಈ ಸಿನಿಮಾದಲ್ಲಿ ಸಾಯುವುದಿಲ್ಲ. ಇನ್ನು ಊಟಕ್ಕೆ ಕುಂದರ್ರಿ.

ನಿಮ್ಮ ಸಿಟ್ಟು ನ್ಯಾಯದ್ದೇ. ನಾಟಕ ಕಂಪನಿಯಲ್ಲಿ ರಾಣಿಯಾಗಿ ಮೆರೆದ ಆಯಿಗೆ, ಕೂದಲು ಬೆಳ್ಳಗಾದ ಮೇಲೆ ಸಿನಿಮಾದವರು ಕೊಟ್ಟದ್ದಾದರೂ ಏನು? ಒಂದರಲ್ಲಿ ಕೆಮ್ಮಿ ಸತ್ತಳು. ಇನ್ನೊಂದರಲ್ಲಿ ಮಗನಿಗೆ ಬೀಳಬೇಕಾದ ಗುಂಡಿಗೆ ಅಡ್ಡ ಬಂದು ಸತ್ತಳು. ಹೋದ ವರ್ಷ ಅಷ್ಟು ತ್ರಾಸನ್ನೂ ಕೊಡಲಿಲ್ಲ. ಹಾರ ಹಾಕಿದ ಗೋಡೆಯ ಫೋಟೋ ಮಾಡಿ ಮುಗಿಸಿದರು. ಅದನ್ನು ನೋಡಿ ನೀವು ಟಾಕೀಜಿನಿಂದ ನಡುವೆಯೇ ಎದ್ದು ಬಂದು, "ಇನ್ನೊಮ್ಮೆ ಆಕೀ ಫೋಟೋಕ್ಕ ಹಾರ ಬಿದ್ರ ಬಣ್ಣದ ಪೆಟಿಗಿ ಬಾವಿಗೆ ಒಗೀತೀನಿ" ಅಂದಿರಿ. ಆಯಿಯೂ ಹೂಂ ಅಂದಳು.

ಹಿಂಗಿರುವಾಗ ಡೈರೆಕ್ಟರ್ ಧನಪಾಲರು ಹೇಳಿ ಕಳಿಸಿದ್ದು, ಬರುವಾಗ ನಿಮ್ಮದೊಂದು ದೊಡ್ಡ ಫೋಟೋ ತರ್ರಿ ಅಂತ. ಇದನ್ನು ನಿಮ್ಮಿಂದ ಮುಚ್ಚಿಟ್ಟೆವು. ಮನೆಯ ಗೋಡೆಯ ಮೇಲಿದ್ದ ಆಯಿಯ ಒಂದೇ ದೊಡ್ಡ ಫೋಟೋ ಚೀಲಕ್ಕೆ ಸೇರಿತು. ರೈಲಿನಲ್ಲಿ ಆಯಿ ಕಿಡಕಿ ಕಡೆ ಮುಖ ಮಾಡಿ ಕುಳಿತವಳು, ದೇಸೂರು ದಾಟಿದ ಮೇಲೆ "ಇದ ಕಡೀ ಸಿನಿಮಾ, ಚಂದ್ರಿ" ಅಂದಳು. ಆಗ ನನಗೂ ಚೇಷ್ಟೆ ಹೊಳೆಯಲಿಲ್ಲ.

ಬಂದ ದಿನವೇ ಫೋಟೋ ಇಸಿದುಕೊಂಡು ಹೋದರು. ಇವತ್ತು ಶೂಟಿಂಗಿಗೆ ಹೋಗಿ ನೋಡಿದರೆ ಊರ ಗೋಡೆಗಳ ತುಂಬ ಆಯಿ. ಚುನಾವಣೆಯ ಪೋಸ್ಟರು. ಅವಳದು ಸ್ವಂತ ಮಗನ ವಿರುದ್ಧ ಪಂಚಾಯಿತಿಗೆ ನಿಲ್ಲುವ ಮುದುಕಿಯ ಪಾರ್ಟು. ಆಯಿಗೆ ನಂಬಿಕೆ ಬರಲಿಲ್ಲ.

"ಗೆದ್ದ ಮ್ಯಾಲ ಸಾಯ್ತೀನೇನ್ರಿ?" ಎಂದು ಕೇಳಿದಳು.

"ಇಲ್ರೀ ಅಕ್ಕಾರ. ಗೆದ್ದ ಮ್ಯಾಲ ರಸ್ತಾ ಮಾಡಸ್ತೀರಿ" ಅಂದರು ಧನಪಾಲರು.

ಆಯಿ ಅಲ್ಲೇ ಕಟ್ಟೆಯ ಮೇಲೆ ಕುಳಿತು, ಬಣ್ಣ ಕೆಡುವಷ್ಟು ನಕ್ಕಳು. ಆಮೇಲೆ ಆ ಹಳೇ ರಾಣಿಯ ದನಿಯಲ್ಲಿ ಭಾಷಣ ಮಾಡಿದಳು ನೋಡ್ರಿ, ಶೂಟಿಂಗ್ ನೋಡಲು ಬಂದಿದ್ದ ಮುದುಕನೊಬ್ಬ ತನ್ನ ಓಣಿಯ ನಳದ ತಕರಾರು ಒಪ್ಪಿಸಿಯೇ ಬಿಟ್ಟ. ಆಯಿ ಪೂರಾ ಕೇಳಿಸಿಕೊಂಡಳು. ಹಾರವೂ ಬಿತ್ತು ಅಜ್ಜಾ, ಕೊರಳಿಗೆ.

ಬಣ್ಣದ ಪೆಟಿಗಿ ಬಾವಿಯಿಂದ ಪಾರಾಯಿತೆಂದು ತಿಳಿಯಲೇ?

ಯಾವತ್ತೂ ನಿರಪರಾಧಿಯಾದ,
ಚಂದ್ರವ್ವ

ತಾ.ಕ.: ಚಷ್ಮಾ ಜೋಳದ ಡಬ್ಬಿಯಲ್ಲಿದೆ. ಹಾಕಿಕೊಂಡು ಗೋಡೆ ನೋಡಿರಿ. ಅವ್ವನ ಕಾಗದ ಬಂತು: ನಾವು ಹೊರಟಾಗಿನಿಂದ ನೀವು ದಿನಾ ಮುಂಜಾನೆ ಆಯಿಯ ಫೋಟೋ ಅಂದುಕೊಂಡು "ಎದ್ದೇನ?" ಎಂದು ಮಾತಾಡಿಸುತ್ತಿರುವುದು ಅದರ ಜಾಗದಲ್ಲಿ ನಾನು ತೂಗುಹಾಕಿ ಬಂದ ಗೊಬ್ಬರದ ಕಂಪನಿಯ ಕ್ಯಾಲೆಂಡರಿನ ಎಮ್ಮೆಯನ್ನು. ಅವ್ವ ಯಾಕೆ ಬಾಯಿಗೆ ಸೆರಗು ಹಿಡಿಯುತ್ತಿದ್ದಳೆಂದು ಈಗ ತಿಳಿಯಿತಲ್ಲ. ಆಯಿಗೂ ಹೇಳಿದೆ. ಎಮ್ಮಿ ಏನಂತು ಅಂತ ಕೇಳ್ಯಾಳ.