ಎಡಮೂಲೆ ಖಾಲಿ ಇದೆ

ಡೊಂಬಿವಲಿ (ಪೂರ್ವ)
ಭಾನುವಾರ, ೨೭ ನವೆಂಬರ್ ೧೯೯೪

ಸ್ವಸ್ತಿಶ್ರೀ ಡೊಂಬಿವಲಿ ಮಹಾಸಂಸ್ಥಾನದ ಎಡಮೂಲೆಯ ಒಡತಿ, ಕಣಕಾಲು ಹಿಡಿದೆಳೆಯುವ ವಿದ್ಯೆಯಲ್ಲಿ ಅದ್ವಿತೀಯೆ, ಕಲ್ಯಾಣ-ಅಂಬರನಾಥ-ಭಿವಂಡಿ ಸೀಮೆಯ ಸಕಲ ರೇಡರುಗಳ ಎದೆನಡುಕ, ಸದ್ಯ ಉಡುಪಿಯಲ್ಲಿ ಸೆರಗು ಹೊದ್ದು ಬಲು ಸಾಧುವಿನಂತೆ ಓಡಾಡುತ್ತಿರುವ ಅಖಂಡ ಸೌಭಾಗ್ಯವತಿ ಮುಕ್ತಕ್ಕನವರ ಪಾದಾರವಿಂದಗಳಿಗೆ (ತೊಳೆದಿದ್ದರೆ) ತಂಗಿ ನಿಕಿತಾಳ ಸಾಷ್ಟಾಂಗ ನಮಸ್ಕಾರಗಳು.

ಹೇಗಿದ್ದೀ ಅಕ್ಕಾ? ಕೆಮ್ಮು ಹೋಯಿತೇ? ಸಂಕರ್ಷಣ ಭಾವ ಕ್ಷೇಮವೇ? ಇಲ್ಲಿ ಅಮ್ಮ ಆರಾಮಾಗಿದ್ದಾಳೆ. ಅಪ್ಪನ ಸೊಂಟನೋವು ಲೋಕಲ್‌ನಲ್ಲಿ ಸೀಟು ಸಿಕ್ಕಿದ ದಿನ ಇರುವುದಿಲ್ಲ, ಸಿಗದ ದಿನ ಇರುತ್ತದೆ. ನಿನ್ನ ಅತ್ತೆ ವೇದಾವತಿಯವರು ಊರಿಂದ ಬಂದ ಪತ್ರಗಳನ್ನೆಲ್ಲ ನಿನ್ನ ಕೈಯಲ್ಲಿ ಗಟ್ಟಿಯಾಗಿ ಓದಿಸಿ ಕೇಳುತ್ತಾರೆಂದು ಬರೆದಿದ್ದೆಯಲ್ಲ, ಆದ್ದರಿಂದ ಅವರಿಗೂ ಇಲ್ಲೇ ನಮಸ್ಕಾರ. ಅತ್ತೆಯವರೇ, ಒಂದು ದಿಂಬು ಆನಿಸಿಕೊಂಡು ಕುಳಿತುಕೊಳ್ಳಿ. ವಿಷಯ ಗಂಭೀರವಾಗಿದೆ.

ನಮ್ಮ ಕಾಲೇಜಿನ ಹುಡುಗಿಯರ ಕಬಡ್ಡಿ ತಂಡ ಈ ವರ್ಷ ಏಳರ ಬದಲು ಆರೇ ಜನರನ್ನಿಟ್ಟುಕೊಂಡು ಆಡುತ್ತಿದೆ. ಆಗಸ್ಟಿನಲ್ಲಿ ನೀನು ಮದುವೆಯಾಗಿ ಹೋದ ಮೇಲೆ ನಿನ್ನ ಎಡಮೂಲೆಗೆ ಯೋಗ್ಯರಾದವರು ಮೂರು ಲೋಕದಲ್ಲೂ ಸಿಗಲಿಲ್ಲ. ನಾನಂತೂ ನೀರಿನ ಕ್ಯಾನು ಹೊರುವ, ಬೊಬ್ಬೆ ಹೊಡೆಯುವ ನನ್ನ ಹಳೆಯ ಹುದ್ದೆಯಲ್ಲೇ ಇದ್ದೇನೆ. ಕ್ಯಾನಿನ ಸಮೇತ ಬಿದ್ದು ಎರಡೂ ಮೊಣಕಾಲು ತರಚಿವೆ, ಅಮ್ಮನಿಗೆ ಬರೆಯಬೇಡ. ದೇವದಾಸ್ ಸರ್ ದಿನಾ ಗದರುತ್ತಾರೆ: “ಇದು ಕಬಡ್ಡಿಯಾ, ಹಳದಿ-ಕುಂಕುಮವಾ ಮಾರಾಯ್ತಿಯರೇ? ಕಾಲು ಹಿಡೀರಿ ಅಂದ್ರೆ ಕೈ ಹಿಡ್ದು ಮಾತಾಡ್ಸಿ ಕಳಿಸ್ತೀರಲ್ಲ!” ಕಳವಾ ಸ್ಟೇಷನ್ನಿನ ಹತ್ತಿರವಿರುವ ನಿನ್ನ ಗೆಳತಿ ದಾನಮ್ಮ ಇನ್ನೊಂದು ಕಡೆಯಿಂದ: “ಏ ನಿಕ್ಕಿ, ನಿಮ್ಮಕ್ಕಗ ಲಗ್ನಾ ಆಗಾಕ ಇದೇ ವರ್ಷ ಬೇಕಾಗಿತ್ತೇನ? ಒಂದ್ ವರ್ಷ ತಡದಿದ್ರ ಗಂಡ ಓಡಿ ಹೊಕ್ಕಿದ್ನೇನ?” (ಕ್ಷಮಿಸಿ ಭಾವ. ಬಿಜಾಪುರದ ಬಾಯಿ ಅದು, ನಾನು ಬರೀ ವರದಿಗಾರ್ತಿ.)

ಅತ್ತೆಯವರಿಗೆ ತಿಳಿಯಲೆಂದು ಆಟದ ಒಂದು ನಿಯಮ ಹೇಳುತ್ತೇನೆ. ಒಬ್ಬಳು ಕಡಿಮೆಯಿದ್ದರೂ ಆಟ ಶುರುಮಾಡಬಹುದು. ಆದರೆ ಅಂಗಳದಲ್ಲಿದ್ದವರೆಲ್ಲ ಔಟಾದರೆ ಅದು ಲೋನಾ. ಆಗ ಬಾರದೇ ಇದ್ದವಳೂ ಔಟಾದಳೆಂದೇ ಲೆಕ್ಕ, ಅವಳ ಅಂಕವೂ ಎದುರಾಳಿಗೆ. ಕಲ್ಯಾಣದ ಪಂದ್ಯ ಹೇಗೋ ಗೆದ್ದೆವು. ಭಿವಂಡಿಯಲ್ಲಿ ಒಬ್ಬೊಬ್ಬರೇ ಹೋಗಿ ಕೊನೆಗೆ ಉಳಿದ ದಾನಮ್ಮ ನಡುಗೆರೆಗೆ ಒಂದು ಗೇಣು ಇರುವಾಗ ಸಿಕ್ಕಿಬಿದ್ದಳು. ಅಂಪೈರ್ ಯಾರೂ ಇಲ್ಲದ ಎಡಮೂಲೆಗೆ ಕೈ ತೋರಿಸಿ “ಗೈರಹಜರ್ ಪಣ ಬಾದ್!” ಎಂದು ಕೂಗಿದ. ಇಲ್ಲದವಳೂ ಔಟಂತೆ! ಉಡುಪಿಯಲ್ಲಿ ಕಡುಬು ತಿನ್ನುತ್ತಿದ್ದ ನೀನು ಭಿವಂಡಿಯಲ್ಲಿ ಔಟಾದೆ ಅಕ್ಕಾ, ನಿನಗೆ ಗೊತ್ತೇ ಆಗಲಿಲ್ಲ. ಆದರೂ ಒಂದಂಕದಲ್ಲಿ ಗೆದ್ದೆವು. ಮೊನ್ನೆ ಥಾಣೆಯಲ್ಲಿ ಸೆಮಿಫೈನಲ್ ಕೂಡ ಗೆದ್ದೆವು. ಫೈನಲ್ ಅಲ್ಲೇ, ಡಿಸೆಂಬರ್ ಹನ್ನೊಂದರ ಭಾನುವಾರ.

ಸೆಮಿಫೈನಲ್ ಮುಗಿಸಿ ಬರುವಾಗ ದಾನಮ್ಮ ಕಳವಾ ಸ್ಟೇಷನ್ನಿನಲ್ಲಿ ಇಳಿದಳು. ಅಲ್ಲಿಂದ ಡೊಂಬಿವಲಿಯವರೆಗೆ ಲೇಡೀಸ್ ಡಬ್ಬಿಯ ಬಾಗಿಲಲ್ಲಿ ನಾನೊಬ್ಬಳೇ. ಮುಂಬ್ರಾದಲ್ಲಿ ಜನ ನುಗ್ಗಿದಾಗ ಜಡೆ ಹಿಡಿದು ನನ್ನನ್ನು ಒಳಗೆ ಎಳೆದುಕೊಳ್ಳುವವರಿರಲಿಲ್ಲ. ಜಡೆ ಹಿಡಿದದ್ದಕ್ಕೆ ನಿನ್ನನ್ನು ಎಷ್ಟು ಬೈದಿದ್ದೇನೆ! ಮನೆಗೆ ಬಂದರೆ ಚಾಪೆ ಪೂರ್ತಿ ನನ್ನದೇ. ನೀನು ನಿದ್ದೆಯಲ್ಲೂ ನನ್ನ ಕಾಲು ಹಿಡಿದು ಎಳೆಯುತ್ತಿದ್ದೆ. ನಾನು ಒದೆಯುತ್ತಿದ್ದೆ, ಅಮ್ಮ ಇಬ್ಬರಿಗೂ ಬೈಯುತ್ತಿದ್ದಳು. ಈಗ ನನ್ನ ಎರಡು ಕಾಲೂ ಸ್ವತಂತ್ರ. ನಿದ್ದೆ ಮಾತ್ರ ಬರುವುದಿಲ್ಲ.

ಇರಲಿ. ವೇದಾವತಿ ಅತ್ತೆಯವರ ದಿವ್ಯ ಸನ್ನಿಧಾನದಲ್ಲಿ ಅರಿಕೆ ಏನೆಂದರೆ, ತಮ್ಮ ಸೊಸೆಯನ್ನು ಒಂದು ವಾರದ ಮಟ್ಟಿಗೆ ನಮಗೆ ದಯಪಾಲಿಸಬೇಕು. ಅವಳ ಹೆಸರು ಇನ್ನೂ ಕಾಲೇಜಿನ ಹಾಜರಿಯಲ್ಲಿದೆ. ಕರಿಮಣಿ ತೆಗೆಯಬೇಕಾಗಿಲ್ಲ, ಮೇಲೆ ಬಟ್ಟೆ ಸುತ್ತಿದರೆ ಸಾಕು ಎಂದು ಸರ್ ವಿಚಾರಿಸಿ ಬಂದಿದ್ದಾರೆ. ಕೈಕಾಲು ಮುರಿಯದಂತೆ ವಾಪಸು ಕಳಿಸುವ ಹೊಣೆಯೂ ಅವರದೇ. ಅವಳು ಬಾರದಿದ್ದರೆ ಒಂದು ಕಾಲೇಜಿನ ಮಾನ, ಒಂದು ಊರಿನ ಮರ್ಯಾದೆ, ಆರು ಕನ್ಯೆಯರ ಕಣ್ಣೀರು ಎಲ್ಲವೂ ತಮ್ಮ ತಲೆಯ ಮೇಲೆ. ಬಸ್ಸು ಪನ್ವೇಲ್‌ಗೆ ಬರುವ ಹೊತ್ತಿಗೆ ನಾನು ಅಲ್ಲಿ ನಿಂತಿರುತ್ತೇನೆ.

ಅತ್ತೆಯವರ ಆಶೀರ್ವಾದ ಬೇಡುತ್ತಾ, ಭಾವನಿಗೆ ವಂದಿಸುತ್ತಾ,

ನಿನ್ನ ಪಾದಧೂಳಿ
(ಡೊಂಬಿವಲಿಯಲ್ಲಿ ಧೂಳಿಗೇನು ಬರ)
ನಿಕ್ಕಿ

ತಾ.ಕ.: ಟಪಾಲು ಡಬ್ಬಿಯ ಹತ್ತಿರ ನಿಂತು ಬರೆಯುತ್ತಿದ್ದೇನೆ, ಅಕ್ಷರ ನೋಡಿ ನಗಬೇಡ. ಎಡಮೂಲೆ ಖಾಲಿ ಇಲ್ಲ ಅಕ್ಕಾ. ಮೊದಲ ಪಂದ್ಯದಿಂದಲೂ ಅಲ್ಲಿ ನಾನೇ ಆಡುತ್ತಿದ್ದೇನೆ. “ಪರ್ವಾಗಿಲ್ಲ ಇವ್ಳು” ಅನ್ನುತ್ತಾರೆ ಸರ್. ಭಿವಂಡಿಯಲ್ಲಿ ಲೋನಾ ಆಗಲೇ ಇಲ್ಲ, ಸಲೀಸಾಗಿ ಗೆದ್ದೆವು. ಫೈನಲ್ಲಿಗೆ ನೀನು ಬರಲೇಬೇಕೆಂದು ಯಾರೂ ಹೇಳಿಲ್ಲ. ಇದನ್ನೂ ಅತ್ತೆಯವರಿಗೆ ಗಟ್ಟಿಯಾಗಿ ಓದಿ ಹೇಳು. ಕೇಳಿದ ಮೇಲೂ ಅವರು ಕಳಿಸುವುದಾದರೆ, ಸುಮ್ಮನೆ ಬಾ.