ಬಾರದೇ ಹೋದ ಗಾಳಿ

ಬಾಡ, ಕುಮಟಾ ತಾಲೂಕು
ಅಕ್ಟೋಬರ್ ೧೭, ಶುಕ್ರವಾರ

ಪ್ರೀತಿಯ ಮಾವನವರಿಗೆ ನಿಮ್ಮ ಸೊಸೆ ಮಾಲತಿ ಮಾಡುವ ನಮಸ್ಕಾರಗಳು.

ನಿಮ್ಮ ಮೊಣಕಾಲು ನೋವು ಹೇಗಿದೆ? ಬಿಪಿ ಗುಳಿಗೆ ತಪ್ಪದೆ ನುಂಗುತ್ತಿದ್ದೀರೋ, ಇಲ್ಲ ಇಲ್ಲಿಯ ಡಾಕ್ಟರಿಗೆ ಪಾಠ ಹೇಳಿದ ಹಾಗೆ ‘ಸಮುದ್ರದವರಿಗೆ ಉಪ್ಪು ಎಂತ ಮಾಡ್ತದೆ’ ಎಂದು ರತ್ನಾಗಿರಿಯವರಿಗೂ ಹೇಳಿಕೊಂಡು ಒಣಮೀನು ಸುಟ್ಟು ತಿನ್ನುತ್ತಿದ್ದೀರೋ? ಇದನ್ನೆಲ್ಲ ಫೋನಿನಲ್ಲೇ ಕೇಳಬಹುದಿತ್ತು. ಆದರೆ ನಾನು ಎರಡು ಮಾತಾಡುವಷ್ಟರಲ್ಲಿ ನೀವು ‘ಆತು, ಆತು’ ಎಂದು ಇಟ್ಟುಬಿಡುತ್ತೀರಿ. ಕಾಗದವಾದರೆ ಪೂರ್ತಿ ಓದದೆ ನಿಮಗೆ ಬೇರೆ ದಾರಿಯಿಲ್ಲ. ಶಿವ ಇವತ್ತು ಸಂಜೆ ಮೀನಿನ ಲಾರಿ ತೆಗೆದುಕೊಂಡು ನಿಮ್ಮ ಬಂದರಿಗೇ ಬರುತ್ತಿದ್ದಾನೆ, ಅವನ ಕೈಯಲ್ಲಿ ಕಳಿಸುತ್ತೇನೆ. ಜೊತೆಗೆ ಅತ್ತೆ ಕಟ್ಟಿಕೊಟ್ಟ ಮುರುಗಲ ಸಿಪ್ಪೆಯ ಪೊಟ್ಟಣವೂ ಇದೆ. ಸಾರು ಮಾಡಿಕೊಳ್ಳಿ, ಯಾರಿಗಾದರೂ ದಾನ ಮಾಡಿಬಿಡಬೇಡಿ.

ಇಲ್ಲಿ ಎಲ್ಲರೂ ಕ್ಷೇಮ. ನಿಮ್ಮ ಮೊಮ್ಮಗಳು ಗೋಡೆ ಹಿಡಿದು ನಿಲ್ಲುತ್ತಾಳೆ, ನಿಂತ ಕೂಡಲೇ ಎಲ್ಲರೂ ತನ್ನನ್ನೇ ನೋಡಬೇಕೆಂದು ಕೂಗುತ್ತಾಳೆ. ಆ ಹಟ ಯಾರ ಕಡೆಯಿಂದ ಬಂತೆಂದು ನಾನು ಹೇಳುವುದಿಲ್ಲ. ನಿಮ್ಮ ಮಗ ಪ್ರವೀಣ ಎಂದಿನಂತೆ ಬೋಟಿಗೆ ಹೋಗುತ್ತಾರೆ. ನೀವು ಬಿಟ್ಟುಹೋದ ಚುಕ್ಕಾಣಿಯನ್ನು ಈಗ ನಿಮ್ಮ ತಮ್ಮ ದಿನಕರ ಮಾವ ಹಿಡಿದಿದ್ದಾರೆ. ಅತ್ತೆಯ ವಿಷಯಕ್ಕೆ ಆಮೇಲೆ ಬರುತ್ತೇನೆ.

ನಾನು ಬರೆಯಹೊರಟದ್ದು ಚೌತಿಯ ಮರುವಾರದ ಆ ಬೆಳಗಿನ ಬಗ್ಗೆ. ನೀವು ಮರೆತಿರಲಾರಿರಿ. ಆದರೂ ದಡದಲ್ಲಿ ನಿಂತವಳ ಕಣ್ಣಿಗೆ ಅದು ಹೇಗೆ ಕಂಡಿತೆಂದು ನಿಮಗೆ ಗೊತ್ತಾಗಬೇಕು. ಅಂದು ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ನಾನೂ ಬಂದರಿಗೆ ಬಂದಿದ್ದೆ. ಬೋಟಿಗೆ ಐಸು ತುಂಬಿಯಾಗಿತ್ತು. ಗುಡಿಯಲ್ಲಿ ಪೂಜೆಯ ಗುನಗರು ದೇವಿಯ ಮೈಗೆ ಹೂವಿನ ಎಸಳು ಅಂಟಿಸಿ ಪ್ರಸಾದ ಕೇಳಿದ್ದರು, ಎಸಳು ಬಲಕ್ಕೆ ಬಿದ್ದು ಅಪ್ಪಣೆಯೂ ಸಿಕ್ಕಿತ್ತು. (ದೀಪ ಉರಿಯುವುದು ಬಲಗಡೆ, ಆ ಕಡೆಯ ಎಸಳೇ ಬೇಗ ಒಣಗಿ ಬೀಳುತ್ತದೋ ಏನೋ ಎಂದು ನನಗೊಂದು ಅನುಮಾನ. ಅತ್ತೆಗೆ ಹೇಳಬೇಡಿ, ನನಗೆ ಊಟ ಸಿಗುವುದಿಲ್ಲ.) ಅಷ್ಟರಲ್ಲಿ ಬಂದರಿನ ಮೈಕಿನಲ್ಲಿ, ಮಧ್ಯಾಹ್ನದ ಮೇಲೆ ಜೋರು ಗಾಳಿ ಬೀಸುವ ಸಂಭವವಿದೆ, ಹೋಗದಿರುವುದು ಒಳ್ಳೆಯದು ಎಂದರು. ಸಂಭವ ಎಂದರೇ ಹೊರತು ಖಂಡಿತ ಎನ್ನಲಿಲ್ಲ. ಉಳಿದ ಬೋಟುಗಳು ಹೊರಟವು. ನೀವು ಹಗ್ಗ ಬಿಚ್ಚಲು ಬಿಡಲಿಲ್ಲ. ‘ಅಮ್ಮನೇ ಹೋಗು ಅಂದಾಳಲ್ಲ’ ಎಂದು ದಿನಕರ ಮಾವ ವಾದಕ್ಕೆ ನಿಂತರೆ, ‘ಹೋಗ್ಬಹುದು ಅಂದ್ಲು, ಹೋಗ್ಲೇಬೇಕು ಅನ್ಲಿಲ್ಲ’ ಎಂದಿರಿ. ‘ಗಾಳಿ ಬಂದೇ ಬರ್ತದೆ ಅಂತ ನಿಂಗೆ ಗೊತ್ತುಂಟಾ?’ ಎಂದು ಅವರು ಪಟ್ಟು ಹಿಡಿದಾಗ, ‘ನಂಗೆಂತ ಗೊತ್ತು? ಗೊತ್ತಿಲ್ಲ, ಅದ್ಕೇ ಹೋಗುದಿಲ್ಲ’ ಎಂದು ಹಗ್ಗದ ಸುರುಳಿಯ ಮೇಲೆ ಕೂತುಬಿಟ್ಟಿರಿ.

ಗಾಳಿ ಬರಲಿಲ್ಲ. ತೆಂಗಿನ ಗರಿ ಸಹ ಅಲ್ಲಾಡಲಿಲ್ಲ. ಹೋದ ಬೋಟುಗಳೆಲ್ಲ ಬಂಗಡೆ ತುಂಬಿಕೊಂಡು ಬಂದವು, ನಮ್ಮ ಬೋಟಿನ ಐಸು ಕರಗಿ ನೀರಾಯಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎಂದು ಖಲಾಸಿಗಳು ಗೊಣಗಿದರು. ಅದನ್ನಾದರೂ ನೀವು ಸಹಿಸಿಕೊಳ್ಳುತ್ತಿದ್ದಿರಿ. ಆದರೆ ಎಲ್ಲರ ಎದುರು ದಿನಕರ ಮಾವ ‘ಅಣ್ಣಾ, ಎಲ್ಲಿ ನಿನ್ನ ಗಾಳಿ?’ ಎಂದು ಕೇಳಿದರು, ಮರುದಿನದಿಂದ ಇಡೀ ಬಂದರೇ ನಿಮ್ಮನ್ನು ಗಾಳಿ ಅಣ್ಣಪ್ಪ ಎಂದು ಕರೆಯತೊಡಗಿತು. ನೀವು ಚುಕ್ಕಾಣಿಯನ್ನು ತಮ್ಮನಿಗೆ ಕೊಟ್ಟು, ಚೀಲ ಹೆಗಲಿಗೇರಿಸಿ ರತ್ನಾಗಿರಿಗೆ ಹೊರಟುಬಿಟ್ಟಿರಿ. ಇಷ್ಟು ವರ್ಷ ತಾಂಡೇಲನಾಗಿ ಬೋಟು ನಡೆಸಿದವರು ಈಗ ಅಲ್ಲಿ ಬೇರೆಯವರ ತಾಂಡೇಲನ ಕೈಕೆಳಗೆ ಬಲೆ ಎಳೆಯುತ್ತಿದ್ದೀರಿ. ‘ಒಂದು ಗಾಳಿ ಬೀಸ್ಲಿ, ನನ್ನ ಮಾತು ಖರೆ ಆಗ್ಲಿ, ಆಗ ಬರ್ತೇನೆ’ ಎಂದದ್ದೇ ನಿಮ್ಮ ಕೊನೆಯ ಮಾತು.

ಈಗ ನನ್ನ ಶಾಲೆಯ ಒಂದು ಸಂಗತಿ ಕೇಳಿ, ನಗಬೇಡಿ. ಈ ತಿಂಗಳು ಹತ್ತನೇ ತರಗತಿಗೆ ಸಂಭವನೀಯತೆಯ ಪಾಠ ಮಾಡಿದೆ. ಪುಸ್ತಕದಲ್ಲಿ ನಾಣ್ಯವಿದೆ: ಎರಡು ಮುಖ, ಹಾಗಾಗಿ ಅರ್ಧ ಅರ್ಧ. ನಾನು ಅತ್ತೆಯ ಚೌಕಾಬಾರದ ಕವಡೆಗಳನ್ನು ಒಯ್ದೆ. ಕವಡೆಯೂ ಒಂದೋ ಬಾಯಿ ಮೇಲಾಗಿ ಬೀಳಬೇಕು, ಇಲ್ಲ ಬೆನ್ನು ಮೇಲಾಗಿ. ‘ಹಾಗಾದ್ರೆ ಇದೂ ಅರ್ಧ, ಟೀಚರ್’ ಎಂದರು ಮಕ್ಕಳು. ಎಸೆದು ನೋಡಿ ಎಂದೆ. ಇಡೀ ಪೀರಿಯಡ್ಡು ಎಸೆದರೂ ಅರ್ಧ ಬರಲಿಲ್ಲ, ಒಂದೇ ಕಡೆಗೆ ವಾಲುತ್ತಿತ್ತು. ಮಗ್ಗುಲು ಎಣಿಸಿದರೆ ಸಾಲದು, ಮತ್ತೆ ಮತ್ತೆ ಎಸೆದರೇ ಕವಡೆಯ ಸ್ವಭಾವ ತಿಳಿಯುವುದು ಎಂದು ಹೇಳಿ ದೊಡ್ಡ ಜಾಣೆಯ ಹಾಗೆ ಹೊರಬಂದೆ. ಸ್ಟಾಫ್ ರೂಮಿನಲ್ಲಿ ಚಹಾ ಕುಡಿಯುವಾಗ ನಿಮ್ಮ ನೆನಪಾಯಿತು. ಕವಡೆಯನ್ನು ಎಷ್ಟು ಸಲ ಬೇಕಾದರೂ ಎಸೆಯಬಹುದು. ಆ ಬೆಳಗನ್ನು ಮತ್ತೆ ಎಸೆದು ನೋಡುವುದು ಹೇಗೆ?

ಯೋಚನೆ ಮಾಡಿದಷ್ಟೂ ತಲೆ ಕೆಟ್ಟಿತು. ಗಾಳಿಯ ಸಂಭವವಿದೆ ಎಂದ ಹತ್ತು ದಿನಗಳಲ್ಲಿ ಮೂರು ದಿನ ಗಾಳಿ ಬೀಸುತ್ತದೆ ಎಂದಿಟ್ಟುಕೊಳ್ಳಿ. ಹಾಗಾದರೆ ಹತ್ತೂ ದಿನ ಬೋಟು ಕಟ್ಟಿಟ್ಟವನು ಏಳು ದಿನ ಊರವರ ಕಣ್ಣಿಗೆ ಹೆಡ್ಡನಾಗಲೇಬೇಕು. ಆ ಏಳು ದಿನ ನಗೆಗೀಡಾಗದೆ ಉಳಿದ ಮೂರು ದಿನ ಜೀವ ಉಳಿಸಿಕೊಳ್ಳುವ ಉಪಾಯ ಯಾವ ಗಣಿತದಲ್ಲೂ ಇಲ್ಲ. ಅದೂ ಯಾವ ಹತ್ತು ದಿನ? ಸೆಪ್ಟೆಂಬರಿನವೋ, ನಮ್ಮ ಬಾಡದ ಕಡಲಿನವೋ, ನಮ್ಮ ಹಳೇ ಇಂಜಿನ್ನಿನ ಬೋಟು ಹೊರಟವೋ? ಒಂದೊಂದರಲ್ಲೂ ಒಂದೊಂದು ಉತ್ತರ ಬರುತ್ತದೆ, ಯಾವುದನ್ನು ಹಿಡಿಯಬೇಕೆಂದು ನಾನು ಓದಿದ ಪುಸ್ತಕಗಳಲ್ಲಿ ಜಗಳವೇ ಮುಗಿದಿಲ್ಲ. ಒಂದೇ ಸಲ ಬರುವ ದಿನಕ್ಕೆ ಸಂಭವ ಎಂಬ ಮಾತಿಗೆ ಅರ್ಥವೇ ಇಲ್ಲವೆಂದು ಕೆಲವರು, ಅದು ಗಾಳಿಯಲ್ಲಿಲ್ಲ, ನಮಗೆ ಎಷ್ಟು ಗೊತ್ತು ಎಂಬುದರಲ್ಲಿದೆ ಎಂದು ಇನ್ನು ಕೆಲವರು. ನಾನು ಈಗ ಎರಡನೆಯವರ ಪಕ್ಷ. ಬೆಳಿಗ್ಗೆ ನಿಮಗೆ ಗೊತ್ತಿದ್ದಷ್ಟರಿಂದ ನಿಮ್ಮನ್ನು ಅಳೆಯಬೇಕು, ಸಂಜೆ ಊರಿಗೆಲ್ಲ ಗೊತ್ತಾದದ್ದರಿಂದ ಅಲ್ಲ. ನಿಮಗೆ ಗೊತ್ತಿದ್ದದ್ದು ಇಷ್ಟು: ಗಾಳಿ ಬಂದರೂ ಬರಬಹುದು, ಬಂಗಡೆ ನಾಳೆಯೂ ಸಿಗುತ್ತದೆ, ಬೋಟಿನಲ್ಲಿದ್ದವರು ನಾಳೆ ಸಿಗಲಿಕ್ಕಿಲ್ಲ.

ಅತ್ತೆಯ ವಿಷಯ ಹೇಳುತ್ತೇನೆಂದಿದ್ದೆ. ಮೊನ್ನೆ ಅಂಗಳದಲ್ಲಿ ಮೀನು ಹೆಚ್ಚುತ್ತಿದ್ದವರು ಪಶ್ಚಿಮಕ್ಕೆ ಮೋಡ ನೋಡಿ, ‘ಒಂದು ಗಾಳಿ ಬರೂಕಾಗದಾ? ಇವರ ಮಾತು ಖರೆ ಆಗ್ತಿತ್ತು, ಮನೆಗೆ ಬರ್ತಿದ್ರು’ ಎಂದರು. ಆಡಿದ ಮರುಕ್ಷಣ ಅವರ ಕೈ ನಿಂತುಹೋಯಿತು. ಪ್ರವೀಣ ಆಗ ಸಮುದ್ರದಲ್ಲಿದ್ದರು. ಅತ್ತೆ ಕತ್ತಿ ಅಲ್ಲೇ ಬಿಟ್ಟು ತುಳಸಿಕಟ್ಟೆಗೆ ಹೋಗಿ ಕೆನ್ನೆ ಕೆನ್ನೆ ಬಡಿದುಕೊಂಡರು, ಬೋಟು ಬರುವವರೆಗೂ ಒಂದು ತುತ್ತು ತಿನ್ನಲಿಲ್ಲ. ಮಾವ, ನಿಮ್ಮ ಮಾತು ನಿಜವಾಗಲೆಂದು ಈ ಮನೆಯಲ್ಲಿ ಯಾರು ಬೇಡಿಕೊಳ್ಳಬಲ್ಲರು ಹೇಳಿ? ನೀವು ಸಹ ಬೇಡಿಕೊಳ್ಳಲಾರಿರಿ.

ಬಂದ ಗಾಳಿಯಿಂದ ಜನರನ್ನು ಕಾಪಾಡಿದವರಿಗೆ ಊರು ಹಾರ ಹಾಕುತ್ತದೆ. ನೀವು ಕಾಪಾಡಿದ್ದು ಬಾರದ ಗಾಳಿಯಿಂದ, ಹಾಗಾಗಿ ನಿಮಗೆ ಅಡ್ಡಹೆಸರು ಸಿಕ್ಕಿತು. ನಾನು ಮುಟ್ಟಳ್ಳಿಯ ಗದ್ದೆಯ ಮನೆಯವಳು, ಗಾಳಿ ಬಂದಾಗ ತೂರಿಕೋ ಎನ್ನುವುದರ ಆಚೆ ಗಾಳಿಯ ಬಗ್ಗೆ ನನಗೇನೂ ಗೊತ್ತಿರಲಿಲ್ಲ. ಆದರೆ ಅಂದು ನನ್ನ ಗಂಡ, ನನ್ನ ಮಗುವಿನ ಅಪ್ಪ, ಆ ಬೋಟಿನಲ್ಲಿ ಹೋಗುವವರಿದ್ದರು. ನೀವು ಅವರನ್ನು ದಡದಲ್ಲಿ ಉಳಿಸಿಕೊಂಡಿರಿ. ಏನೂ ಆಗಲಿಲ್ಲ ಎಂಬುದರಿಂದ ನನ್ನ ಋಣ ಒಂದು ಗುಲಗಂಜಿಯಷ್ಟೂ ಕಡಿಮೆಯಾಗುವುದಿಲ್ಲ. ಇದನ್ನು ಆ ದಿನವೇ ಬಂದರಿನಲ್ಲಿ ಎಲ್ಲರಿಗೂ ಕೇಳುವಂತೆ ಹೇಳಲು ಸೊಸೆಯಾದ ನನಗೆ ಬಾಯಿ ಬರಲಿಲ್ಲ. ಈಗ ಹೇಳುತ್ತಿದ್ದೇನೆ, ಮಾವ. ನೀವು ನಮಗೆ ದೊಡ್ಡ ಉಪಕಾರ ಮಾಡಿದ್ದೀರಿ.

ಬೇಗ ಮಲಗಿ, ಒದ್ದೆ ಬಟ್ಟೆಯಲ್ಲಿ ಕೂರಬೇಡಿ. ತಾನು ನಿಮ್ಮನ್ನು ವಿಚಾರಿಸಿದ್ದಾಗಿ ಬರೆಯಲು ಅತ್ತೆ ಹೇಳಿದರು. ಆಮೇಲೆ ಬೇಡ ಎಂದರು, ನಾನು ಬರೆದಿದ್ದೇನೆ. ಮೊಮ್ಮಗಳ ತಲೆಯ ಮೇಲೆ ನಿಮ್ಮ ಆಶೀರ್ವಾದದ ಕೈ ಸದಾ ಇರಲಿ.

ನಿಮ್ಮ ಮಗಳಂಥ ಸೊಸೆ,
ಮಾಲತಿ

ತಾ.ಕ.: ಶಿವ ಹೊರಗೆ ಹಾರ್ನ್ ಹೊಡೆಯುತ್ತಿದ್ದಾನೆ, ಅಕ್ಷರ ಓರೆಯಾಗಿದ್ದರೆ ಕ್ಷಮಿಸಿ. ಸಂಜೆಯಾಗುವವರೆಗೆ ನೋಡಿ ಬರೆಯೋಣವೆಂದು ಇದೊಂದನ್ನು ಉಳಿಸಿಕೊಂಡಿದ್ದೆ. ಇವತ್ತು ಬೆಳಿಗ್ಗೆ ಮೈಕಿನಲ್ಲಿ ಮತ್ತೆ ಗಾಳಿಯ ಎಚ್ಚರಿಕೆ ಹೇಳಿದರು. ದಿನಕರ ಮಾವ ಬೋಟು ಬಿಡಲಿಲ್ಲ. ಹೋದವರು ಈಗಷ್ಟೇ ಬುಟ್ಟಿ ಬುಟ್ಟಿ ಮೀನು ಇಳಿಸುತ್ತಿದ್ದಾರೆ, ಸಮುದ್ರ ತಟ್ಟೆಯ ನೀರಿನ ಹಾಗಿದೆ. ಈ ಸಲ ನಮ್ಮ ಖಲಾಸಿಗಳಲ್ಲಿ ಒಬ್ಬನೂ ಗೊಣಗಲಿಲ್ಲ. ದಿನಕರ ಮಾವ ನಮ್ಮ ಜಗಲಿಯಲ್ಲಿ ಬಂದು ಕೂತಿದ್ದಾರೆ. ‘ಪ್ರವೀಣನ ಮುಖ ನೋಡಿ ಹಗ್ಗ ಬಿಚ್ಚೂಕೆ ಕೈ ಬರ್ಲಿಲ್ಲ ಮಾಲತಿ. ಅಣ್ಣಂಗೆ ಬಾ ಅಂತ ಬರಿ, ನಾ ಕಾಲು ಹಿಡೀತೆ ಅಂತ್ಲೂ ಬರಿ’ ಎಂದರು. ನೀವು ಕೇಳಿದ ಗಾಳಿ ಇವತ್ತೂ ಬರಲಿಲ್ಲ. ಶಿವನ ಲಾರಿ ಭಾನುವಾರ ವಾಪಸಾಗುತ್ತದೆ, ಅವನ ಪಕ್ಕದ ಸೀಟು ನಿಮಗೆಂದು ಹೇಳಿಟ್ಟಿದ್ದೇನೆ.